ಮಂಗಳೂರಿನಿಂದ ತಲಶ್ಶೇರಿ, ಮಾಹಿ: ಗೈಡ್ ಜೊತೆ ಒಂದು ದಿನದ ಪ್ರವಾಸ ಹೋಗಬಹುದಾ?

ಕದ್ರಿಕಂಬ್ಳದವ

ಎಲ್ಲರಿಗೂ ನಮಸ್ಕಾರ. ನಮ್ಮ ಅಪಾರ್ಟ್‌ಮೆಂಟಿನವರು ಸೇರಿ ಒಂದು ದಿನದ ಪ್ರವಾಸ ಹೊರಡುವ ಮಾತು ನಡೆದಿದೆ. ಇಪ್ಪತ್ತರ ಹತ್ತಿರ ಜನ ಇದ್ದೇವೆ. ಅರ್ಧಕ್ಕರ್ಧ ಅರವತ್ತು ದಾಟಿದವರು, ನಾಲ್ಕೈದು ಶಾಲೆ ಮಕ್ಕಳು. ದೇವಸ್ಥಾನದ ಯಾತ್ರೆ ಎಲ್ಲ ಆಗಿದೆ, ಈ ಸಲ ಹಳೆ ಕಾಲದ ಊರು ನೋಡೋಣ ಅಂತ ತೀರ್ಮಾನವಾಯಿತು.

ಒಬ್ಬ ಟೂರಿನವರು ಕೊಟ್ಟ ಪಟ್ಟಿ ಇದು. ಬೆಳಿಗ್ಗೆ ಐದಕ್ಕೆ ಹೊರಡುವುದು. ಬೇಕಲ ಕೋಟೆ, ಕಣ್ಣೂರಿನ ಸೇಂಟ್ ಆಂಜೆಲೊ ಕೋಟೆ, ಮುಳಪ್ಪಿಲಂಗಾಡ್ ಬೀಚ್, ತಲಶ್ಶೇರಿ ಕೋಟೆ, ಬಿರಿಯಾನಿ ಊಟ, ಆಮೇಲೆ ಮಾಹಿ, ಅಲ್ಲಿ "ಶಾಪಿಂಗ್". ರಾತ್ರಿ ಹತ್ತಕ್ಕೆ ವಾಪಸ್. ಗೈಡ್ ಇಡೀ ದಿನ ಗಾಡಿಯಲ್ಲೇ ಇರುತ್ತಾರಂತೆ. ತಲೆಗೆ 1,900 ರೂಪಾಯಿ.

ಇಷ್ಟೆಲ್ಲ ಒಂದೇ ದಿನದಲ್ಲಿ ಆಗುತ್ತದಾ? ಗೈಡ್ ಬೇಕಾ, ಅಥವಾ ಸುಮ್ನೆ ನಾವೇ ಹೋಗುವುದಾ? ಹೋಗಿ ಬಂದವರು ಹೇಳಿ.

ಪಡೀಲ್ ಪ್ಯಾಸೆಂಜರ್

ಪಟ್ಟಿಯಲ್ಲಿ ಮೂರು ಕೋಟೆ, ಒಂದು ಬೀಚು, ಎರಡು ಪಟ್ಟಣ. ನಿಮ್ಮ ದಿನದ ಮುಕ್ಕಾಲು ಪಾಲು ಗಾಡಿಯ ಕಿಟಕಿಯಲ್ಲೇ ಕಳೆಯುತ್ತದೆ ಮಾರಾಯ್ರೆ. ಹೆದ್ದಾರಿ ಅಗಲ ಮಾಡುವ ಕೆಲಸ ನಡೆಯುವಲ್ಲೆಲ್ಲ ನಿಂತು ನಿಂತು ಹೋಗಬೇಕು. ಕೋಟೆಗೆ ಇಳಿದರೆ "ಇಪ್ಪತ್ತು ನಿಮಿಷ, ಫೋಟೋ ತೆಗೆದು ಬನ್ನಿ" ಅಂತಾರೆ. ಅಷ್ಟರಲ್ಲಿ ಅರ್ಧ ಜನ ಟಾಯ್ಲೆಟ್ ಹುಡುಕುತ್ತಾ ಇರುತ್ತಾರೆ.

ನನ್ನ ಸಲಹೆ ಒಂದೇ. ಟೆಂಪೋ ಬಿಡಿ, ರೈಲು ಹಿಡಿಯಿರಿ. ಬೆಳಿಗ್ಗೆ ಐದರ ಹೊತ್ತಿಗೆ ಸೆಂಟ್ರಲ್‌ನಿಂದ ಪರಶುರಾಮ್ ಎಕ್ಸ್‌ಪ್ರೆಸ್ ಹೊರಡುತ್ತದೆ. ಕಾಫಿ ತಿಂಡಿಯ ಹೊತ್ತಿಗೆ ತಲಶ್ಶೇರಿಯಲ್ಲಿ ಇಳಿಯಬಹುದು. ರಾತ್ರಿ ಮಂಗಳೂರಿಗೆ ಬರುವುದಕ್ಕೂ ಅದೇ ಹೆಸರಿನ ರೈಲು ಉಂಟು. ಸಮಯ ಆಗಾಗ ಬದಲಾಗುತ್ತದೆ, ಹೊರಡುವ ವಾರ ಒಮ್ಮೆ ನೋಡಿಕೊಳ್ಳಿ. ಇಪ್ಪತ್ತು ಜನ ಒಟ್ಟಿಗೆ ಅಂದರೆ ರಿಸರ್ವೇಶನ್ ಬೇಗ ಮಾಡಬೇಕು.

ಗೈಡನ್ನು ಇಲ್ಲಿಂದ ಹೊತ್ತುಕೊಂಡು ಹೋಗಬೇಡಿ. ಅಲ್ಲಿಯವರನ್ನೇ ಅರ್ಧ ದಿನಕ್ಕೆ ಗೊತ್ತು ಮಾಡಿ.

ಬಲ್ಮಠ ಪೆನ್ಶನರ್

ಪಡೀಲಿನವರ ಮಾತಿಗೆ ನನ್ನದೂ ಒಂದು ಓಟು. ಆದರೆ ಗೈಡ್ ಬೇಡವೇ ಬೇಡ ಅನ್ನುವವರಿಗೆ ಒಂದು ಮಾತು ಹೇಳಬೇಕು. ತಲಶ್ಶೇರಿ ಕಣ್ಣಿಗೆ ಹೊಡೆಯುವ ಊರಲ್ಲ. ಕೋಟೆ ನಮ್ಮ ಬೇಕಲದಷ್ಟು ದೊಡ್ಡದಲ್ಲ. 1708ರಲ್ಲಿ ಇಂಗ್ಲಿಷ್ ಕಂಪನಿಯವರು ಮೆಣಸು, ಏಲಕ್ಕಿ ವ್ಯಾಪಾರ ಕಾಯಲು ಕಟ್ಟಿದ ಚೌಕಾಕಾರದ ಮುರಕಲ್ಲಿನ ಕೋಟೆ ಅದು. ಒಳಗೆ ಹೋದರೆ ಒಂದು ಅಂಗಳ, ಒಂದು ಸುರಂಗದ ಬಾಯಿ, ಒಂದು ದೀಪಸ್ತಂಭ. ಕಥೆ ಗೊತ್ತಿಲ್ಲದೆ ಹೋದವರು "ಇಷ್ಟೇನಾ" ಅಂತ ಹೊರಗೆ ಬರುತ್ತಾರೆ.

ಕಥೆ ಗೊತ್ತಿದ್ದರೆ ಆ ಊರು ನಮ್ಮದೇ ಅನಿಸುತ್ತದೆ. ಹೇಗೆ ಅಂತ ಹೇಳುತ್ತೇನೆ, ಸ್ವಲ್ಪ ಉದ್ದವಾಗುತ್ತದೆ, ಕ್ಷಮೆ ಇರಲಿ.

ಮಾಹಿ ಫ್ರೆಂಚರ ಕೈಯಲ್ಲಿತ್ತು. ಹೈದರಾಲಿಗೆ ಫ್ರೆಂಚರ ಮದ್ದುಗುಂಡು ಬರುತ್ತಿದ್ದದ್ದು ಆ ಬಂದರಿನಿಂದ. 1779ರಲ್ಲಿ ಇಂಗ್ಲಿಷರು ಮಾಹಿಯನ್ನು ಹಿಡಿದುಕೊಂಡರು. ಹೈದರ್ ಕೆರಳಿದ. ಎರಡನೇ ಮೈಸೂರು ಯುದ್ಧಕ್ಕೆ ಇದ್ದ ಕಾರಣಗಳಲ್ಲಿ ಅದೂ ಒಂದು. ಹೈದರನ ಸರದಾರ ಸರ್ದಾರ್ ಖಾನ್ ತಲಶ್ಶೇರಿಯನ್ನು ಮುತ್ತಿ 1782ರ ಜನವರಿವರೆಗೆ ಕೂತಿದ್ದ. ಕೋಟೆ ಮಾತ್ರ ಬೀಳಲಿಲ್ಲ. ಆ ಯುದ್ಧ ಕೊನೆಗೆ ಮುಗಿದದ್ದು ಎಲ್ಲಿ? ಇಲ್ಲೇ, 1784ರ ಮಾರ್ಚ್ 11ರ ಮಂಗಳೂರು ಒಪ್ಪಂದದಲ್ಲಿ. ಮಾಹಿಯಲ್ಲಿ ಹೊತ್ತಿದ ಕಿಡಿ ಮಂಗಳೂರಿನಲ್ಲಿ ಆರಿತು. ಈ ಮಾತನ್ನು ಮಕ್ಕಳಿಗೆ ರೈಲಿನಲ್ಲೇ ಹೇಳಿ. ಆಮೇಲೆ ಆ ಗೋಡೆಯನ್ನು ನೋಡುವ ರೀತಿಯೇ ಬೇರೆ.

ಎರಡನೆಯದು ಬಾಸೆಲ್ ಮಿಶನ್, ಸ್ವಿಟ್ಜರ್ಲೆಂಡಿನ ಕ್ರೈಸ್ತ ಮಿಶನರಿ ಸಂಸ್ಥೆ. 1834ರಲ್ಲಿ ಮಿಶನರಿಗಳು ಮೊದಲು ಇಳಿದದ್ದು ಮಂಗಳೂರಿಗೆ. ಹರ್ಮನ್ ಗುಂಡರ್ಟ್ ಕೂಡ ಇಲ್ಲಿಗೆ ಬಂದು, 1839ರಲ್ಲಿ ತಲಶ್ಶೇರಿಯ ಇಲ್ಲಿಕುನ್ನಿಗೆ ಹೋಗಿ ನೆಲೆಸಿದ. ಇಲ್ಲಿ ಮೋಗ್ಲಿಂಗ್ 1843ರಲ್ಲಿ "ಮಂಗಳೂರ ಸಮಾಚಾರ" ತಂದ, ಕನ್ನಡದ ಮೊದಲ ಪತ್ರಿಕೆ. ಅಲ್ಲಿ ಗುಂಡರ್ಟ್ 1847ರಲ್ಲಿ "ರಾಜ್ಯಸಮಾಚಾರಂ" ತಂದ, ಮಲಯಾಳದ ಮೊದಲ ಪತ್ರಿಕೆ. ನಮಗೆ ಕಿಟ್ಟೆಲ್ ನಿಘಂಟು 1894ರಲ್ಲಿ ಬಂತು. ಅವರಿಗೆ ಗುಂಡರ್ಟ್ ನಿಘಂಟು 1872ರಲ್ಲೇ ಬಂದಿತ್ತು. ಗುಂಡರ್ಟ್ ಇದ್ದ ಬಂಗಲೆ ಈಗ ಮ್ಯೂಸಿಯಂ. ಅವನ ಮಗಳ ಮಗ ಹರ್ಮನ್ ಹೆಸ್ಸೆ, ನೊಬೆಲ್ ಬಂದ ಸಾಹಿತಿ. ಹೆಸ್ಸೆಯ ತಾಯಿ ಹುಟ್ಟಿದ್ದು ತಲಶ್ಶೇರಿಯಲ್ಲಿ.

ಟೂರಿನವರ ಪಟ್ಟಿಯಲ್ಲಿ ಆ ಬಂಗಲೆ ಇಲ್ಲ ನೋಡಿ. ಬೀಚಿನಲ್ಲಿ ಗಾಡಿ ಓಡಿಸುವುದಕ್ಕೆ ಜಾಗ ಇದೆ, ಅದಕ್ಕೆ ಇಲ್ಲ.

ತೊಕ್ಕೊಟ್ಟು ಟಿಟಿ ಅಣ್ಣ

ನಾನು ಟೆಂಪೋ ಟ್ರಾವೆಲರ್ ಓಡಿಸುವವನು, ಹಾಗಾಗಿ ನನ್ನ ಮಾತಿಗೆ ಸ್ವಾರ್ಥ ಇದೆ ಅಂತ ಮೊದಲೇ ಹೇಳಿಬಿಡುತ್ತೇನೆ. ಅರವತ್ತು ದಾಟಿದವರನ್ನು ಬೆಳಿಗ್ಗೆ ನಾಲ್ಕಕ್ಕೆ ಎಬ್ಬಿಸಿ ಸ್ಟೇಶನ್ನಿಗೆ ತರುವುದು, ಅಲ್ಲಿ ಇಳಿದ ಮೇಲೆ ಐದಾರು ಆಟೋ ಹಿಡಿಯುವುದು, ಇದೆಲ್ಲ ಬರೆದಷ್ಟು ಸುಲಭ ಇಲ್ಲ. ಮನೆ ಬಾಗಿಲಿಗೆ ಗಾಡಿ ಬಂದರೆ ಮೊಣಕಾಲು ನೋವಿನವರಿಗೆ ಆರಾಮ.

ಗಾಡಿ ಮಾಡುವುದಾದರೆ ಮೂರು ವಿಷಯ ಕೇಳಿಕೊಳ್ಳಿ.

ಆಲ್ ಇಂಡಿಯಾ ಟೂರಿಸ್ಟ್ ಪರ್ಮಿಟ್ ಇದೆಯಾ ಅಂತ ಕೇಳಿ. ಇಲ್ಲದಿದ್ದರೆ ಕೇರಳದ ಟ್ಯಾಕ್ಸ್ ಯಾರು ಕಟ್ಟುವುದು ಅಂತ ಮೊದಲೇ ಮಾತಾಡಿ. ತಲಪಾಡಿ ದಾಟಿದ ಮೇಲೆ ಚರ್ಚೆ ಮಾಡಿ ಪ್ರಯೋಜನ ಇಲ್ಲ.

ಎರಡನೆಯದು ದೊಡ್ಡ ವಿಷಯ. 2024ರ ಮಾರ್ಚಿನಲ್ಲಿ ತಲಶ್ಶೇರಿ–ಮಾಹಿ ಬೈಪಾಸ್ ಓಪನ್ ಆಗಿದೆ. ಮುಳಪ್ಪಿಲಂಗಾಡಿನಿಂದ ಅಳಿಯೂರಿನವರೆಗೆ, ಹದಿನೆಂಟು ಕಿಲೋಮೀಟರಿಗಿಂತ ಸ್ವಲ್ಪ ಜಾಸ್ತಿ. ಭಾರೀ ಒಳ್ಳೆ ರಸ್ತೆ. ಆದರೆ ಹೊಸ ಡ್ರೈವರ್ ಮ್ಯಾಪ್ ಹಾಕಿಕೊಂಡು ಹೋದರೆ ನಿಮ್ಮ ಎರಡು ಊರನ್ನೂ ಬದಿಗೆ ಬಿಟ್ಟು ಸೀದಾ ವಡಗರ ದಾರಿಗೆ ಹಾಕುತ್ತಾನೆ. ಹಳೆ ರಸ್ತೆಯಲ್ಲೇ ಹೋಗಬೇಕು ಅಂತ ಹೇಳಿ.

ಮೂರನೆಯದು ಆ "ಶಾಪಿಂಗ್". ಮಾಹಿ ಕೇರಳ ಅಲ್ಲ, ಪುದುಚೇರಿಗೆ ಸೇರಿದ್ದು. ಪೆಟ್ರೋಲು, ಮದ್ಯ ಎರಡೂ ಅಲ್ಲಿ ಅಗ್ಗ. ಡೀಸೆಲ್ ತುಂಬಿಸಿಕೊಳ್ಳಲು ನಮಗೂ ಖುಷಿಯೇ. ಆದರೆ ಬಾಟಲಿ ತಂದರೆ ಅಬಕಾರಿಯವರು ಸೇತುವೆ ದಾಟಿದ ಕೂಡಲೇ ಹಿಡಿಯಬಹುದು. ಪುದುಚೇರಿಯಲ್ಲಿ ಮಾರುವ ಬಾಟಲಿ ಕೇರಳದೊಳಗೆ ತರುವಂತಿಲ್ಲ. ಮಂಗಳೂರಿಗೆ ಬರಬೇಕಾದರೆ ಇಡೀ ಉತ್ತರ ಕೇರಳ ದಾಟಬೇಕು ತಾನೇ? ಗಾಡಿ ಸೀಜ್ ಆದರೆ ಮನೆಯವರ ಮುಂದೆ ಮರ್ಯಾದೆ ಹೋಗುವುದು ಪ್ಯಾಸೆಂಜರದ್ದು, ಹೊಟ್ಟೆಗೆ ಹೊಡೆತ ಬೀಳುವುದು ನಮ್ಮದು.

ಬಿಜೈ ಬೇಸರ

ಎಲ್ಲರೂ ಮೂರು ಗಂಟೆ ದೂರ ಹೋಗುವ ಮಾತಾಡುತ್ತಿದ್ದೀರಿ. ಮಂಗಳೂರು ಏನು ಕಡಿಮೆ? ರೊಸಾರಿಯೊ ಚರ್ಚು ಪೋರ್ಚುಗೀಸರ ಕಾಲದ್ದು, 1568ರಲ್ಲಿ ಶುರುವಾದದ್ದು. ಅಲೋಶಿಯಸ್ ಚಾಪೆಲಿನಲ್ಲಿ ಇಟಲಿಯ ಮೊಸ್ಕೆನಿ ಬಿಡಿಸಿದ ಚಿತ್ರಗಳಿವೆ. ಸುಲ್ತಾನ್ ಬತ್ತೇರಿ ಇದೆ. ದೇಶದ ಮೊದಲ ಹಂಚಿನ ಕಾರ್ಖಾನೆಗಳಲ್ಲಿ ಒಂದು 1865ರಲ್ಲಿ ನೇತ್ರಾವತಿ ದಂಡೆಯಲ್ಲಿ ಶುರುವಾಯಿತು. ಆ ಹಂಚು ತಲಶ್ಶೇರಿಯ ಗೋದಾಮುಗಳ ಮೇಲೂ ಕಾಣುತ್ತದೆ. ನಮ್ಮ ಮಾಡು ನೋಡಲು ಅಲ್ಲಿಗೆ ಹೋಗಬೇಕಾ?

ಇನ್ನೊಂದು. ಈ ಕಾಲೊನಿಯಲ್ ಟೂರುಗಳಲ್ಲಿ ದೊರೆಗಳ ಗುಣಗಾನ ಜಾಸ್ತಿ. ಅವರು ಕೇಕ್ ತಂದರು, ಕ್ರಿಕೆಟ್ ತಂದರು, ಶಾಲೆ ತಂದರು. ತೆಗೆದುಕೊಂಡು ಹೋದದ್ದರ ಲೆಕ್ಕ ಯಾರೂ ಹೇಳುವುದಿಲ್ಲ. ಒಂದು ಕಡೆ ನಾನೇ ಕೇಳಿದ್ದೇನೆ. ಗೈಡ್ ಒಂದು ತಾಸು ಮಾತಾಡಿದರೂ ಮೆಣಸು ಬೆಳೆದವರ ಹೆಸರೇ ಬರಲಿಲ್ಲ.

ಬಲ್ಮಠ ಪೆನ್ಶನರ್

ಬಿಜೈಯವರೇ, ಎರಡನೇ ಮಾತು ಒಪ್ಪಿದೆ. ಅದಕ್ಕೇ ಗೈಡನ್ನು ಆರಿಸುವುದು ಮುಖ್ಯ. ಗೊತ್ತು ಮಾಡುವ ಮೊದಲು ಫೋನಿನಲ್ಲಿ ಒಂದೇ ಪ್ರಶ್ನೆ ಕೇಳಿ: "ಪಳಶ್ಶಿ ರಾಜನ ಬಗ್ಗೆ ಹೇಳುತ್ತೀರಾ?" ಕಂಪನಿಯ ವಿರುದ್ಧ ಕಾಡಿನಿಂದ ಹೋರಾಡಿ 1805ರಲ್ಲಿ ಸತ್ತ ರಾಜ. ಅವನನ್ನು ಬೆನ್ನಟ್ಟಿದ ಬೇಬರ್ ತಲಶ್ಶೇರಿಯ ಸಬ್ ಕಲೆಕ್ಟರ್. ಆ ಹೆಸರು ಕೇಳಿದ ಕೂಡಲೇ ಮಾತು ಹರಿದರೆ ಗೈಡ್ ಒಳ್ಳೆಯವನು. "ಅದು ವಯನಾಡಿನಲ್ಲಿ ಸರ್, ಇಲ್ಲಿ ಕೇಕ್ ಫೇಮಸ್" ಅಂದರೆ ಬೇರೆಯವರನ್ನು ನೋಡಿ.

ಮಾಹಿಯಲ್ಲೂ ಹಾಗೇ. ಫ್ರೆಂಚರು 1721ರಲ್ಲಿ ಬಂದರು ಅಂತ ಎಲ್ಲರೂ ಹೇಳುತ್ತಾರೆ. ಹೋದದ್ದು ಹೇಗೆ? ಐ. ಕೆ. ಕುಮಾರನ್ ಮುಂದಾಳತ್ವದಲ್ಲಿ ಮಹಾಜನ ಸಭೆಯವರು ಹೋರಾಡಿದರು. 1954ರ ಜುಲೈ 16ರಂದು ಫ್ರೆಂಚ್ ಆಡಳಿತಗಾರ ಊರು ಬಿಟ್ಟ. ಅಂದರೆ ನಮಗೆ ಸ್ವಾತಂತ್ರ್ಯ ಬಂದು ಏಳು ವರ್ಷ ಆದಮೇಲೆ. ಹೊಳೆಯ ಈಚೆ ದಡದಲ್ಲಿ ಆಗಸ್ಟ್ ಹದಿನೈದು, ಆಚೆ ದಡದಲ್ಲಿ ಫ್ರಾನ್ಸಿನ ಬಾವುಟ. ಕಾಗದದ ಮೇಲೆ ಪೂರ್ತಿ ಭಾರತಕ್ಕೆ ಸೇರುವಾಗ 1962 ಆಗಿತ್ತು. ಮಕ್ಕಳ ಪಠ್ಯದಲ್ಲಿ ಇದಕ್ಕೆ ಒಂದು ಸಾಲೂ ಸಿಗುವುದು ಕಷ್ಟ.

ಮಂಗಳೂರನ್ನು ಮೊದಲು ನೋಡಿ ಅನ್ನುವುದೂ ಸರಿ. ಹೊರಡುವ ಹಿಂದಿನ ಭಾನುವಾರ ಬಲ್ಮಠದ ಸುತ್ತ ಒಂದು ನಡಿಗೆ ಮಾಡಿ. 1841ರಲ್ಲಿ ಬಾಸೆಲ್ ಮಿಶನ್ ಪ್ರೆಸ್ ಶುರುವಾದ ಜಾಗ ಅದು. ಆಮೇಲೆ ಇಲ್ಲಿಕುನ್ನಿಗೆ ಹೋದರೆ ಎರಡೂ ಜೋಡಿಯಾಗಿ ಕಾಣುತ್ತವೆ.

ಬಂದರ್ ಬ್ಯಾರಿ

ಅಸ್ಸಲಾಮು ಅಲೈಕುಂ, ನಮಸ್ಕಾರ. ಊಟದ ವಿಷಯ ಯಾರೂ ಸರಿಯಾಗಿ ಹೇಳಲಿಲ್ಲ, ಅದಕ್ಕೆ ಬಂದೆ.

ನಮ್ಮ ಮನೆಯ ಸಂಬಂಧ ತಲಶ್ಶೇರಿ ಕಡೆಗೆ ಹಳೆಯದು. ತಲಶ್ಶೇರಿ ಬಿರಿಯಾನಿ ಅಂದರೆ ಉದ್ದ ಅಕ್ಕಿಯದ್ದಲ್ಲ. ಕೈಮ ಅಂತ ಸಣ್ಣ, ಪರಿಮಳದ ಅಕ್ಕಿ. ಅನ್ನ ಬೇರೆ, ಮಸಾಲೆ ಬೇರೆ ಮಾಡಿ ದಮ್ ಕೊಡುತ್ತಾರೆ. ಹೈದರಾಬಾದಿನ ಖಾರ ನಿರೀಕ್ಷಿಸಿದವರಿಗೆ ಸಪ್ಪೆ ಅನಿಸಬಹುದು. ನಮ್ಮ ಊರಿನವರಿಗೆ ಹಿಡಿಸುತ್ತದೆ. ಹನ್ನೆರಡೂವರೆಗೆ ಹೋಟೆಲಿನಲ್ಲಿ ಕೂತುಬಿಡಿ. ಎರಡು ಗಂಟೆ ಮೇಲೆ ಇಪ್ಪತ್ತು ಜನಕ್ಕೆ ಸಿಗುವುದಿಲ್ಲ. ಸಂಜೆ ಉನ್ನಕ್ಕಾಯ ತಿನ್ನಿ, ನೇಂದ್ರ ಬಾಳೆಹಣ್ಣನ್ನು ಬೇಯಿಸಿ ಅರೆದು, ಒಳಗೆ ತೆಂಗಿನಕಾಯಿ, ಸಕ್ಕರೆ ತುಂಬಿಸಿ ಕರಿದದ್ದು. ಮೊಟ್ಟೆಮಾಲೆ, ಅಂದರೆ ಮೊಟ್ಟೆಯ ಹಳದಿಯನ್ನು ಸಕ್ಕರೆ ಪಾಕದಲ್ಲಿ ಎಳೆ ಎಳೆಯಾಗಿ ಬಿಟ್ಟು ಮಾಡುವ ಸಿಹಿ, ಸಿಕ್ಕಿದರೆ ಬಿಡಬೇಡಿ.

ಕೇಕಿನ ಬಗ್ಗೆ ಬಿಜೈಯವರು ಕೋಪ ಮಾಡಿಕೊಂಡರು. ಅದರಲ್ಲಿ ದೊರೆಗಿಂತ ಊರವನ ಕೈಚಳಕ ಹೆಚ್ಚು ಅಲ್ವಾ? ಅಂಜರಕಂಡಿ ದಾಲ್ಚಿನ್ನಿ ತೋಟದ ಬ್ರೌನ್ ದೊರೆ ಇಂಗ್ಲೆಂಡಿನ ಒಂದು ಕೇಕ್ ತಂದು ಮಾಂಬಳ್ಳಿ ಬಾಪು ಅವರ ಕೈಗೆ ಕೊಟ್ಟು, ಇಂಥದ್ದು ಮಾಡಬಹುದಾ ಅಂತ ಕೇಳಿದ ಅನ್ನುವುದು ಕಥೆ. 1883ರ ಕ್ರಿಸ್ಮಸ್ಸಿಗೆ ಅವರು ಮಾಡಿ ಕೊಟ್ಟರು, ಊರಿನದ್ದೇ ಸಾಮಾನು ಹಾಕಿ. ಸರ್ಕಸ್ಸೂ ಹಾಗೇ, ಕೀಲೇರಿ ಕುಂಞಿಕಣ್ಣನ್ ಮಾಸ್ಟ್ರು 1901ರಲ್ಲಿ ಚಿರಕ್ಕರದಲ್ಲಿ ಸರ್ಕಸ್ ಶಾಲೆ ತೆರೆದರು. ಅದರಲ್ಲಿ ಯಾವ ದೊರೆಯೂ ಇಲ್ಲ. ಕ್ರಿಕೆಟ್ ತಂದವನು ಅಂತ ಮಾತ್ರ ಇಂಗ್ಲಿಷ್ ಸೇನಾಧಿಕಾರಿ ವೆಲ್ಲೆಸ್ಲಿಯ ಹೆಸರು ಹೇಳುತ್ತಾರೆ. ಗೈಡ್ ಅದನ್ನು ಕಣ್ಣಾರೆ ಕಂಡವರ ಹಾಗೆ ಹೇಳುತ್ತಾನೆ. ಕಥೆ ಅಂತ ಕೇಳಿಕೊಳ್ಳಿ.

ಓಡತ್ತಿಲ್ ಪಳ್ಳಿ ನೋಡಲೇಬೇಕು. ಮಸೀದಿ ಅಂದರೆ ಗುಮ್ಮಟ ಇರಬೇಕು ಅಂದುಕೊಂಡ ಮಕ್ಕಳಿಗೆ ತೋರಿಸಿ. ದೇವಸ್ಥಾನದ ಮಾಡಿನ ಹಾಗೆ ಇಳಿಜಾರು, ಮೇಲೆ ತಾಮ್ರದ ಹೊದಿಕೆ. ಹೊರಗಿನಿಂದ ನೋಡಿದರೂ ಸಾಕು. ಶುಕ್ರವಾರ ಮಧ್ಯಾಹ್ನ ಆ ಕಡೆ ಗುಂಪು ಕಟ್ಟಿಕೊಂಡು ಹೋಗಬೇಡಿ.

ಕುಂಬಳೆ ಕಡೆಯವಳು

ಅಣ್ಣಂದಿರೇ, ಎಲ್ಲ ಹೇಳಿದಿರಿ. ಭಾಷೆಯ ವಿಷಯ ಬಿಟ್ಟಿರಿ.

ನನ್ನ ತಾಯಿಯನ್ನು ಕರೆದುಕೊಂಡು ಒಂದು ಗುಂಪಿನ ಟೂರಿಗೆ ಹೋಗಿದ್ದೆ. ಯಾರ ಟೂರು ಅಂತ ಹೆಸರು ಬೇಡ. ಗೈಡ್ ಪಾಪ ಚೆನ್ನಾಗಿಯೇ ಹೇಳಿದ, ಆದರೆ ಅರ್ಧ ಮಲಯಾಳ, ಅರ್ಧ ಇಂಗ್ಲಿಷ್. ಅಮ್ಮನಿಗೆ ಎರಡೂ ಬಾರದು. ಎಲ್ಲರೂ ನಗುವಾಗ ನನ್ನ ಮುಖ ನೋಡುತ್ತಿದ್ದರು. ನಾನು ಕಿವಿಯಲ್ಲಿ ಹೇಳುವಷ್ಟರಲ್ಲಿ ಗುಂಪು ಮುಂದೆ ಹೋಗಿರುತ್ತಿತ್ತು. ನಿಮ್ಮಲ್ಲಿ ಹಿರಿಯರು ಅಷ್ಟು ಜನ ಇದ್ದಾರೆ ಅಂದರೆ, ಮಲಯಾಳ ಬಲ್ಲ ಒಬ್ಬರು ಕನ್ನಡದಲ್ಲೋ ತುಳುವಿನಲ್ಲೋ ಹೇಳಲು ನಿಲ್ಲಬೇಕು. ಕಾಸರಗೋಡು ಕಡೆಯವರು ನಿಮ್ಮ ಅಪಾರ್ಟ್‌ಮೆಂಟಿನಲ್ಲಿ ಇರದೇ ಇರುವುದಿಲ್ಲ. ಅವರನ್ನು ಹಿಡಿಯಿರಿ. ಗೈಡಿಗೂ ಮೊದಲೇ ಹೇಳಿ, ಎರಡು ಮಾತು ಹೇಳಿ ನಿಲ್ಲಬೇಕು ಅಂತ.

ಇನ್ನು ಕಾಲಿನ ವಿಷಯ. ತಲಶ್ಶೇರಿ ಕೋಟೆಗೆ ಮೆಟ್ಟಿಲು ಇದೆ, ಆದರೆ ಬೇಕಲದಷ್ಟು ಬಿಸಿಲಿನ ನಡಿಗೆ ಇಲ್ಲ. ಕೋಟೆ ಪಕ್ಕದಲ್ಲೇ ಸಮುದ್ರಕ್ಕೆ ಮುಖ ಮಾಡಿದ ಸೇಂಟ್ ಜಾನ್ಸ್ ಚರ್ಚು. ಅಲ್ಲಿ ಬ್ರೆನ್ನನ್ ಸಮಾಧಿ ಇದೆ, ತಲಶ್ಶೇರಿಯ ಬ್ರೆನ್ನನ್ ಕಾಲೇಜಿಗೆ ಹೆಸರು ಬಂದದ್ದು ಅವನಿಂದಲೇ. ಮೆಟ್ಟಿಲು ಹತ್ತದವರು ಅಲ್ಲಿ ನೆರಳಿನಲ್ಲಿ ಕೂರಬಹುದು. ಹಳೆ ಕಡಲ ಸೇತುವೆ, 1910ರದ್ದು, ದೂರದಿಂದ ನೋಡಿದರೆ ಸಾಕು. ಕಂಬಗಳೆಲ್ಲ ತುಕ್ಕು ಹಿಡಿದಿವೆ, ಮೇಲೆ ಹತ್ತುವ ಹಾಗಿಲ್ಲ. ಮಕ್ಕಳ ಮೇಲೆ ಕಣ್ಣಿರಲಿ.

ಅಂಬಲಪಾಡಿ

ಉಡುಪಿಯಿಂದ ಹೋಗುವವರು ಏನು ಮಾಡಬೇಕು? ಪರಶುರಾಮ್ ಹಿಡಿಯಲು ಬೆಳಗಿನ ಜಾವ ಮೂರಕ್ಕೆ ಎದ್ದರೂ ಕಷ್ಟ. ಇಲ್ಲಿಂದ ಕೊಂಕಣ ರೈಲಿನಲ್ಲಿ ಸೀದಾ ಕೇರಳಕ್ಕೆ ಹೋಗುವ ಗಾಡಿಗಳಿವೆ, ಆದರೆ ಹೊತ್ತು ಕೂಡಿಬರುವುದಿಲ್ಲ.

ಪಡೀಲ್ ಪ್ಯಾಸೆಂಜರ್

ಹಿಂದಿನ ರಾತ್ರಿಯೇ ಮಂಗಳೂರಿಗೆ ಬಂದು ನೆಂಟರ ಮನೆಯಲ್ಲಿ ಮಲಗಿ. ನೆಂಟರು ಇಲ್ಲದ ಉಡುಪಿಯವರು ಉಂಟಾ? ಇಲ್ಲದಿದ್ದರೆ ನಿಮಗೆ ಟಿಟಿ ಅಣ್ಣನೇ ಗತಿ. ಮತ್ತೊಂದು ವಿಷಯ, ಮಾಹಿ ರೈಲ್ವೇ ಸ್ಟೇಶನ್ ಇರುವುದು ಮಾಹಿಯಲ್ಲಲ್ಲ, ಅಳಿಯೂರಿನಲ್ಲಿ, ಅಂದರೆ ಕೇರಳದಲ್ಲಿ. ಎಲ್ಲ ರೈಲೂ ನಿಲ್ಲುವುದಿಲ್ಲ. ತಲಶ್ಶೇರಿಯಲ್ಲಿ ಇಳಿದು, ಮಧ್ಯಾಹ್ನ ಬಸ್ಸಿನಲ್ಲಿ ಮಾಹಿಗೆ ಹೋಗಿ ತಲಶ್ಶೇರಿಗೇ ವಾಪಸ್ ಬರುವುದು ಒಳ್ಳೆಯದು. ಹತ್ತು ಕಿಲೋಮೀಟರಿನ ಒಳಗೆ.

ಕದ್ರಿಕಂಬ್ಳದವ

ಅಬ್ಬ, ಇಷ್ಟು ಬರುತ್ತದೆ ಅಂತ ಎಣಿಸಿರಲಿಲ್ಲ. ಎಲ್ಲರಿಗೂ ಥ್ಯಾಂಕ್ಸ್. ನಿನ್ನೆ ರಾತ್ರಿ ಮೀಟಿಂಗ್ ಆಯಿತು. ಬೇಕಲ, ಕಣ್ಣೂರು, ಬೀಚು ಮೂರೂ ಕೈಬಿಟ್ಟೆವು. ಬೀಚು ತೆಗೆದದ್ದಕ್ಕೆ ಮಕ್ಕಳ ಗಲಾಟೆ ಇನ್ನೂ ಮುಗಿದಿಲ್ಲ.

ರೈಲಿಗೆ ಹೋಗುವುದು. ಬೆಳಿಗ್ಗೆ ಗುಂಡರ್ಟ್ ಬಂಗಲೆ, ಕೋಟೆ, ಚರ್ಚು. ಅರ್ಧ ದಿನಕ್ಕೆ ಅಲ್ಲಿಯ ಗೈಡ್. ಬೇಗ ಊಟ, ಮಧ್ಯಾಹ್ನ ಮಾಹಿ. ನಮ್ಮ ಮೂರನೇ ಮಾಳಿಗೆಯಲ್ಲಿ ಮಂಜೇಶ್ವರದ ಟೀಚರ್ ಒಬ್ಬರಿದ್ದಾರೆ, ಕನ್ನಡದಲ್ಲಿ ಹೇಳಲು ಒಪ್ಪಿದ್ದಾರೆ. ಮಾಹಿಯಲ್ಲಿ ಗೈಡ್ ಇಲ್ಲದೆ ನಡೆಯುತ್ತದಾ? ಮತ್ತೆ ಅಕ್ಟೋಬರಿನಲ್ಲಿ ಹೋದರೆ ಹೇಗೆ?

ಬಿಜೈ ಬೇಸರ

ಕಣ್ಣೂರು ಬಿಟ್ಟದ್ದು ನನಗೆ ಸರಿ ಕಾಣಲಿಲ್ಲ. ಪಟ್ಟಿಯಲ್ಲಿ ಎಲ್ಲಕ್ಕಿಂತ ಹಳೆಯದು ಅದೇ. ಪೋರ್ಚುಗೀಸರ ಅಲ್ಮೇಡಾ 1505ರಲ್ಲಿ ಕಟ್ಟಿಸಿದ್ದು, 1663ರಲ್ಲಿ ಡಚ್ಚರ ಕೈಗೆ ಹೋಯಿತು, ಅವರು ಕಣ್ಣೂರಿನ ಅರಕ್ಕಲ್ ರಾಜನಿಗೆ ಮಾರಿದರು, 1790ರಲ್ಲಿ ಇಂಗ್ಲಿಷರು ಹಿಡಿದರು. ಒಂದೇ ಕೋಟೆಯಲ್ಲಿ ನಾಲ್ಕು ಕೈ ಬದಲಾದದ್ದು ಕಾಣುತ್ತದೆ. ಹೋಗುವ ದಾರಿಯಲ್ಲೇ ರೈಲು ನಿಲ್ಲುತ್ತದೆ.

ಬಲ್ಮಠ ಪೆನ್ಶನರ್

ಹೋಗಬೇಡಿ ಅಂದವರು ಈಗ ಜಾಸ್ತಿ ನೋಡಿ ಅನ್ನುತ್ತಿದ್ದೀರಿ, ಸಂತೋಷ! ಆದರೆ ಆ ಕೋಟೆಗೆ ಅರ್ಧ ದಿನ ಬೇಕು. ಈ ಗುಂಪಿಗೆ ಒಂದೇ ದಿನದಲ್ಲಿ ಎರಡು ಕೋಟೆ ಹೇರಬಾರದು. ಕಣ್ಣೂರಿಗೆ ಬೇರೆ ದಿನ ಹೋಗಲಿ, ಹೇಗೂ ಇನ್ನೂ ಹತ್ತಿರ.

ಕದ್ರಿಯವರೇ, ಮಾಹಿಗೆ ಗೈಡ್ ಬೇಡ. ಇಡೀ ಮಾಹಿ ಸೇರಿದರೂ ಒಂಬತ್ತು ಚದರ ಕಿಲೋಮೀಟರ್. ಪೇಟೆಯ ಭಾಗವನ್ನು ನಡೆದೇ ನೋಡಬಹುದು. ಹೊಳೆಯ ಬದಿಯ ಟಾಗೋರ್ ಪಾರ್ಕಿಗೆ ಹೋಗಿ. ಫ್ರೆಂಚ್ ಗಣರಾಜ್ಯದ ಸಂಕೇತ ಮೇರಿಯಾನ್ ಮೂರ್ತಿ ಅಲ್ಲಿದೆ. ಹಳೆ ಸರ್ಕಾರಿ ಬಂಗಲೆಯೂ ಆ ಕಡೆಯೇ. ರಸ್ತೆಗೆ ಬಂದರೆ ಸೇಂಟ್ ತೆರೇಸಾ ಚರ್ಚು, 1736ರಲ್ಲಿ ಶುರುವಾದದ್ದು, ಈಗ ಬಸಿಲಿಕ. ಮದ್ಯದ ಅಂಗಡಿಗಳ ಸಾಲು ಕಂಡು ಊರು ಇಷ್ಟೇ ಅಂದುಕೊಂಡು ತಿರುಗಬೇಡಿ. ಹೊಳೆಯ ದಂಡೆಗೆ ಹೋದರೆ ಬೇರೆಯೇ ಊರು.

ಒಂದು ಜಾಗ ಸೇರಿಸಿಕೊಳ್ಳಿ, ಹತ್ತಿರವೇ. ತಲಶ್ಶೇರಿಯ ಜಗನ್ನಾಥ ದೇವಸ್ಥಾನ. 1908ರಲ್ಲಿ ನಾರಾಯಣ ಗುರುಗಳು ಪ್ರತಿಷ್ಠೆ ಮಾಡಿದ್ದು. ನಾಲ್ಕು ವರ್ಷದ ಮೇಲೆ, 1912ರಲ್ಲಿ, ನಮ್ಮ ಕುದ್ರೋಳಿಯಲ್ಲಿ ಗೋಕರ್ಣನಾಥನ ಪ್ರತಿಷ್ಠೆ ಮಾಡಿದ್ದೂ ಅವರೇ. ದೇವಸ್ಥಾನ ಸಾಕು ಅಂದವರೂ ಅದನ್ನು ನೋಡಿದರೆ ಒಪ್ಪುತ್ತಾರೆ.

ಬಂದರ್ ಬ್ಯಾರಿ

ಅಕ್ಟೋಬರ್ 5ರಿಂದ 22ರವರೆಗೆ ಮಾಹಿ ಪಳ್ಳಿಯ, ಅಂದರೆ ಆ ಸೇಂಟ್ ತೆರೇಸಾ ಚರ್ಚಿನ ಹಬ್ಬ. 14, 15ನೇ ತಾರೀಕು ಅಂತೂ ಕಾಲಿಡಲು ಜಾಗ ಇರುವುದಿಲ್ಲ. ಎಲ್ಲ ಜಾತಿಯವರೂ ಬರುತ್ತಾರೆ. ಹಬ್ಬ ನೋಡಬೇಕಾದರೆ ಅದೇ ಸಮಯ, ಊರು ನೋಡಬೇಕಾದರೆ ಅದನ್ನು ಬಿಟ್ಟು. ಹಿರಿಯರನ್ನು ಕರೆದುಕೊಂಡು ಹೋಗುವುದಾದರೆ ಡಿಸೆಂಬರ್, ಜನವರಿ ಒಳ್ಳೆಯದು.

ಕುಂಬಳೆ ಕಡೆಯವಳು

ಸೋಮವಾರ ಇಟ್ಟುಕೊಳ್ಳಬೇಡಿ. ಮ್ಯೂಸಿಯಂಗಳಿಗೆ ಹೆಚ್ಚಾಗಿ ಅಂದೇ ರಜೆ. ಬಂಗಲೆಗೆ ಇಪ್ಪತ್ತು ಜನ ಬರುತ್ತೇವೆ ಅಂತ ಹಿಂದಿನ ದಿನ ಫೋನ್ ಮಾಡಿದರೆ ಒಳ್ಳೆಯದು.

ತೊಕ್ಕೊಟ್ಟು ಟಿಟಿ ಅಣ್ಣ

ರೈಲಿಗೆ ಹೋಗುತ್ತೀರಿ, ಆಯಿತು. ರಾತ್ರಿ ಒಂಬತ್ತು ದಾಟಿದ ಮೇಲೆ ಸೆಂಟ್ರಲ್‌ನಿಂದ ಕದ್ರಿಗೆ ಇಪ್ಪತ್ತು ಜನಕ್ಕೆ ಆಟೋ ಸಿಗುವುದು ಕಷ್ಟ. ಆ ಒಂದು ಟ್ರಿಪ್ಪಾದರೂ ನನಗೆ ಕೊಡಿ.

ಕದ್ರಿಕಂಬ್ಳದವ

ಕೊಟ್ಟೆವು ಅಣ್ಣ, ಬೆಳಿಗ್ಗೆ ಬಿಡುವುದಕ್ಕೂ ನೀವೇ ಬನ್ನಿ. ನಾಲ್ಕಕ್ಕೆ ಗೇಟಿನ ಹತ್ತಿರ ಇದ್ದರೆ ಸಾಕು, ಮೇಲೆ ಬಂದು ಹಾರ್ನ್ ಹಾಕಬೇಡಿ. ತಾರೀಕು ಡಿಸೆಂಬರಿನ ಎರಡನೇ ಶನಿವಾರ ಅಂತ ಸದ್ಯಕ್ಕೆ. ಟಿಕೆಟ್ ಆದ ಮೇಲೆ ಇಲ್ಲೇ ಹಾಕುತ್ತೇನೆ.